ನಟಿಯೊಬ್ಬರ ನಿರ್ಮಾಣ ಸಂಸ್ಥೆ: ಪಿ. ಭಾನುಮತಿ ಮತ್ತು ಭರಣಿ ಪಿಕ್ಚರ್ಸ್

ದಕ್ಷಿಣ ಭಾರತದ ಚಲನಚಿತ್ರ ಚರಿತ್ರೆಯನ್ನು ಬರೆದವರು ನಟಿಯರ ವಿಷಯ ಬಂದಾಗ ಸಾಮಾನ್ಯವಾಗಿ ಎರಡೇ ಅಳತೆಗೋಲುಗಳನ್ನು ಬಳಸಿದ್ದಾರೆ: ಅಭಿನಯ ಮತ್ತು ಜನಪ್ರಿಯತೆ. ನಿರ್ಮಾಣವು ಬಂಡವಾಳಕ್ಕೂ ವ್ಯಾಪಾರಕ್ಕೂ ಸಂಬಂಧಿಸಿದ ಸಂಗತಿಯೆಂದು ಬಗೆದು ಅದನ್ನು ಬೇರೊಂದು ಅಧ್ಯಾಯಕ್ಕೆ ತಳ್ಳಲಾಗಿದೆ. ಆ ಅಧ್ಯಾಯದಲ್ಲಿ ನಟಿಯರ ಹೆಸರು ಅಪರೂಪ. ನಟಿಯಾಗಿ, ಗಾಯಕಿಯಾಗಿ, ನಿರ್ಮಾಪಕಿಯಾಗಿ, ನಿರ್ದೇಶಕಿಯಾಗಿ, ಸಂಗೀತ ಸಂಯೋಜಕಿಯಾಗಿ, ಕಥೆಗಾರ್ತಿಯಾಗಿ ದುಡಿದ ಪಿ. ಭಾನುಮತಿಯವರನ್ನು (1925–2005) ಈ ಬಗೆಯ ಬರವಣಿಗೆ ‘ಬಹುಮುಖ ಪ್ರತಿಭೆ’ ಎಂಬ ಒಂದು ಮಾತಿನಲ್ಲಿ ಮುಗಿಸಿಬಿಡುತ್ತದೆ. ಈ ಮಾತು ಹೊಗಳಿಕೆಯಂತೆ ಕಂಡರೂ ಚರ್ಚೆಗೆ ಎಡೆಗೊಡುವುದಿಲ್ಲ. ಹಲವು ಕೆಲಸಗಳನ್ನು ಮಾಡಿದರು ಎನ್ನುವುದು ಒಂದು ಸಂಗತಿ. ಆ ಕೆಲಸಗಳ ನಡುವೆ ಒಂದು ಸಂಬಂಧವಿತ್ತೇ ಎಂಬುದು ಬೇರೆಯೇ ಪ್ರಶ್ನೆ. 1947ರಲ್ಲಿ ಸ್ಥಾಪನೆಯಾದ ಭರಣಿ ಪಿಕ್ಚರ್ಸ್‌ನ ಚಿತ್ರಗಳನ್ನು ಒಟ್ಟಾಗಿ ಇಟ್ಟು ನೋಡಿದರೆ ಅಂಥದೊಂದು ಸಂಬಂಧ ಕಾಣುತ್ತದೆ. ಅನ್ಯರ ಚಿತ್ರಗಳು ಯಾವ ಪಾತ್ರದ ಮೂಲಕ ಭಾನುಮತಿಯವರಿಗೆ ಖ್ಯಾತಿ ತಂದುವೋ, ಆ ಪಾತ್ರವನ್ನೇ ಅವರು ಸ್ವಂತ ಸಂಸ್ಥೆಯಲ್ಲಿ ಮತ್ತೆ ಮತ್ತೆ ಕೈಗೆತ್ತಿಕೊಂಡು ಬೇರೆಯ ನೆಲೆಯಿಂದ ಪರಿಶೀಲಿಸಿದರು.

‘ಮೊದಲಿಗರು’ ಯಾರು ಎಂಬ ಜಿಜ್ಞಾಸೆಯನ್ನು ಇಲ್ಲಿ ಬೇಗನೆ ಮುಗಿಸಬಹುದು. ಟಿ.ಪಿ. ರಾಜಲಕ್ಷ್ಮಿಯವರು 1936ರಲ್ಲಿ ‘ಮಿಸ್ ಕಮಲಾ’ ಎಂಬ ತಮಿಳು ಚಿತ್ರವನ್ನು ತಾವೇ ನಿರ್ಮಿಸಿ ನಿರ್ದೇಶಿಸಿದ್ದರು. ಕನ್ನಡದಲ್ಲಿ ಎಂ.ವಿ. ರಾಜಮ್ಮನವರು 1943ರಲ್ಲಿ ‘ರಾಧಾರಮಣ’ವನ್ನು ನಿರ್ಮಿಸಿದರು, ಕನ್ನಡದ ಮೊದಲ ಮಹಿಳಾ ನಿರ್ಮಾಪಕಿ ಎಂಬ ಮನ್ನಣೆ ಅವರದು. ಭಾನುಮತಿಯವರು ಈ ಸಾಲಿನಲ್ಲಿ ಮೂರನೆಯವರೋ ನಾಲ್ಕನೆಯವರೋ ಎಂಬುದು ಅಷ್ಟು ಮುಖ್ಯವಲ್ಲ. ಹಿಂದಿನವರಿಗೆ ಒದಗದಿದ್ದ ಒಂದು ಅನುಕೂಲ ಅವರಿಗೆ ಒದಗಿತು. ಅದು ದೀರ್ಘ ಅವಧಿ. ಒಂದೇ ಲಾಂಛನದಡಿಯಲ್ಲಿ ದಶಕಕ್ಕೂ ಮಿಕ್ಕಿ ಚಿತ್ರಗಳನ್ನು ಮಾಡುವ ಅವಕಾಶ ದೊರೆತಾಗ ಮಾತ್ರ ನಿರ್ಮಾಪಕಿಯ ಅಭಿರುಚಿ, ಹಟ, ದೌರ್ಬಲ್ಯಗಳೆಲ್ಲ ಕಾಣಿಸಿಕೊಳ್ಳುತ್ತವೆ.

ಈ ಅವಕಾಶಕ್ಕೆ ಉದ್ಯಮದ ಹಿನ್ನೆಲೆಯೂ ಇದೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಕಚ್ಚಾ ಫಿಲಂ ನಿಯಂತ್ರಣಕ್ಕೆ ಒಳಪಟ್ಟು ಚಿತ್ರನಿರ್ಮಾಣ ಕುಗ್ಗಿತ್ತು. ಯುದ್ಧಾನಂತರ ನಿಯಂತ್ರಣ ಸಡಿಲವಾದೊಡನೆ ಹೊಸ ಹಣ ಹರಿದುಬಂತು. ಕಲಾವಿದರನ್ನೂ ತಂತ್ರಜ್ಞರನ್ನೂ ತಿಂಗಳ ಸಂಬಳದ ಮೇಲೆ ಇಟ್ಟುಕೊಳ್ಳುವ ಹಳೆಯ ಸ್ಟುಡಿಯೋ ಪದ್ಧತಿ ಸಡಿಲಗೊಂಡು, ಸ್ಟುಡಿಯೋದ ಅಂಗಳವನ್ನು ಬಾಡಿಗೆಗೆ ಪಡೆದು ಚಿತ್ರ ಮಾಡುವ ಸ್ವತಂತ್ರ ನಿರ್ಮಾಪಕರ ಕಾಲ ಬಂತು. 1949ರಲ್ಲಿ ನೇಮಕವಾಗಿ 1951ರಲ್ಲಿ ವರದಿ ಸಲ್ಲಿಸಿದ ಎಸ್.ಕೆ. ಪಾಟೀಲ್ ಅಧ್ಯಕ್ಷತೆಯ ಚಲನಚಿತ್ರ ವಿಚಾರಣಾ ಸಮಿತಿಯು ಈ ಸ್ಥಿತ್ಯಂತರವನ್ನು ಆತಂಕದಿಂದಲೇ ಗಮನಿಸಿತು. ತಾರೆಯರ ಪ್ರಾಬಲ್ಯ ಅದರ ದೃಷ್ಟಿಯಲ್ಲಿ ಉದ್ಯಮದ ರೋಗಲಕ್ಷಣ. ಆದರೆ ಸಮಿತಿ ರೋಗವೆಂದು ಕಂಡದ್ದೇ ಕೆಲವು ನಟಿಯರಿಗೆ ಬಿಡುಗಡೆಯ ದಾರಿಯಾಯಿತು. ಕಲ್ಕತ್ತದಲ್ಲಿ ಕಾನನ್ ದೇವಿ 1949ರಲ್ಲಿ ಶ್ರೀಮತಿ ಪಿಕ್ಚರ್ಸ್ ಆರಂಭಿಸಿದ್ದು ಇದೇ ಸಂಧಿಕಾಲದಲ್ಲಿ.

ಭಾನುಮತಿಯವರು ಹುಟ್ಟಿದ್ದು ಒಂಗೋಲು ಸೀಮೆಯ ದೊಡ್ಡವರಂನಲ್ಲಿ. ತಂದೆ ಬೊಮ್ಮರಾಜು ವೆಂಕಟಸುಬ್ಬಯ್ಯ ಸಂಗೀತಾಭಿಮಾನಿ. ಮಗಳ ಮೊದಲ ಗುರುವೂ ಅವರೇ. 1939ರಲ್ಲಿ ಸಿ. ಪುಲ್ಲಯ್ಯ ನಿರ್ದೇಶಿಸಿದ ‘ವರವಿಕ್ರಯಂ’ ಅವರ ಮೊದಲ ಚಿತ್ರ. ಕಾಳ್ಳಕೂರಿ ನಾರಾಯಣರಾವ್ ಅವರ ಪ್ರಸಿದ್ಧ ನಾಟಕವನ್ನು ಆಧರಿಸಿದ ಈ ಚಿತ್ರದಲ್ಲಿ ವರದಕ್ಷಿಣೆ ತೆತ್ತು ಕೊಂಡುತಂದ ವರನನ್ನು ಒಲ್ಲದೆ ಪ್ರಾಣಬಿಡುವ ಕಾಳಿಂದಿಯ ಪಾತ್ರ ಅವರದು. ನಾಯಕನು ಮಗಳನ್ನು ಮುಟ್ಟಕೂಡದೆಂದು ತಂದೆ ಕರಾರು ಹಾಕಿದ್ದರೆಂಬ ಸಂಗತಿ ತೆಲುಗು ಚಿತ್ರರಂಗದಲ್ಲಿ ಬಹಳ ಪ್ರಚಲಿತ. ಹುಡುಗಿಯನ್ನು ಸಿನಿಮಾಕ್ಕೆ ಕಳುಹಿಸುವುದೇ ಅಳುಕಿನ ವಿಷಯವಾಗಿದ್ದ ಕಾಲದಲ್ಲಿ ಇದು ಅಸಹಜವೇನಲ್ಲ. ಇಲ್ಲಿ ಗಮನಿಸಬೇಕಾದದ್ದು ಬೇರೆ: ವೃತ್ತಿಯ ಆರಂಭದಿಂದಲೇ ಆಕೆಯ ಪಾತ್ರದ ಮೇರೆಗಳನ್ನು ಗುರುತು ಮಾಡುತ್ತಿದ್ದವರು ಅನ್ಯರು.

1943ರಲ್ಲಿ ‘ಕೃಷ್ಣಪ್ರೇಮ’ ಚಿತ್ರದ ಸಂದರ್ಭದಲ್ಲಿ ಪರಿಚಿತರಾದ ಸಹಾಯಕ ನಿರ್ದೇಶಕ ಪಿ.ಎಸ್. ರಾಮಕೃಷ್ಣರಾವ್ ಅವರನ್ನು ಭಾನುಮತಿ ವಿವಾಹವಾದರು. ಮದುವೆಯ ನಂತರ ಅಭಿನಯವನ್ನು ಬಿಡುವ ಮನಸ್ಸಿದ್ದ ಅವರನ್ನು ಬಿ.ಎನ್. ರೆಡ್ಡಿಯವರು ಒಪ್ಪಿಸಿ ‘ಸ್ವರ್ಗಸೀಮ’ಕ್ಕೆ (1945) ಕರೆತಂದರು. ಸದ್ಗೃಹಸ್ಥನಾದ ಮೂರ್ತಿ ರಂಗನಟಿ ಸುಜಾತಳ ಮೋಹಕ್ಕೆ ಸಿಕ್ಕಿ ಹೆಂಡತಿ ಮಕ್ಕಳನ್ನು ತೊರೆದು, ಕೊನೆಗೆ ಮನೆಗೆ ಮರಳುವ ಕಥೆ ಅದು. ಚಿತ್ತೂರು ನಾಗಯ್ಯ ಮೂರ್ತಿಯಾಗಿ, ಭಾನುಮತಿ ಸುಜಾತಳಾಗಿ ನಟಿಸಿದರು. ಪತಿವ್ರತೆ ಕಲ್ಯಾಣಿಯ ಪಾತ್ರ ವಹಿಸಿದವರು ಗುಬ್ಬಿ ಕಂಪನಿಯ ಬಿ. ಜಯಮ್ಮ. ಕನ್ನಡ ವೃತ್ತಿರಂಗಭೂಮಿಯ ಹಿರಿಯ ನಟಿಯೊಬ್ಬರು ಗೃಹಿಣಿಯಾಗಿಯೂ, ಅವರೆದುರು ಈ ಕಿರಿಯ ನಟಿ ‘ರಂಗನಟಿ’ಯಾಗಿಯೂ ಕಾಣಿಸಿಕೊಂಡದ್ದು ಪಾತ್ರಹಂಚಿಕೆಯ ಒಂದು ವಿನೋದ. ಚಿತ್ರದ ನೈತಿಕ ಚೌಕಟ್ಟು ಸಂಪೂರ್ಣವಾಗಿ ಕಲ್ಯಾಣಿಯ ಪರವಾಗಿದೆ. ಪ್ರೇಕ್ಷಕರ ನೆನಪು ಮಾತ್ರ ಸುಜಾತಳ ಪರ. ಪಾರಿವಾಳವನ್ನು ಕುರಿತು ಅವಳು ಹಾಡಿದ ಹಾಡು ಮನೆಮನೆಯ ಹಾಡಾಯಿತು. ಚಿತ್ರ ಖಂಡಿಸುವ ಹೆಣ್ಣನ್ನೇ ಪ್ರೇಕ್ಷಕ ಮೆಚ್ಚುವ ಈ ವೈರುಧ್ಯವನ್ನು ಭಾನುಮತಿಯವರು ಬೇರೆ ಯಾರಿಗಿಂತಲೂ ಹತ್ತಿರದಿಂದ ಕಂಡವರು.

ಭರಣಿ ಎಂಬುದು ಮಗನ ಹೆಸರು. ಸಂಸ್ಥೆಯ ಮೊದಲ ಚಿತ್ರ ‘ರತ್ನಮಾಲ’. ಬಳಿಕ ‘ಲೈಲಾ ಮಜ್ನು’ (1949), ‘ಪ್ರೇಮ’ (1952), ‘ಚಂಡೀರಾಣಿ’ (1953), ‘ಚಕ್ರಪಾಣಿ’ (1954), ‘ವಿಪ್ರನಾರಾಯಣ’ (1954), ‘ಚಿಂತಾಮಣಿ’ (1956), ‘ವರುಡು ಕಾವಾಲಿ’ (1957), ‘ಬಾಟಸಾರಿ’ (1961). ಇವುಗಳಲ್ಲಿ ಹೆಚ್ಚಿನವನ್ನು ನಿರ್ದೇಶಿಸಿದವರು ರಾಮಕೃಷ್ಣರಾವ್. ಶೀರ್ಷಿಕೆಗಳಲ್ಲಿಯೂ ಚಿತ್ರಸೂಚಿಗಳಲ್ಲಿಯೂ ಅವರ ಹೆಸರೇ ಮುಂದಾಗಿರುವುದರಿಂದ ಭರಣಿಯು ಗಂಡನ ಸಂಸ್ಥೆ, ಹೆಂಡತಿ ಅದರ ಆಸ್ಥಾನ ನಾಯಕಿ ಎಂಬ ಗ್ರಹಿಕೆಗೆ ಎಡೆಯಾಗಿದೆ. ಪತಿಯ ಪಾಲನ್ನು ಕಡಿಮೆ ಮಾಡಿ ಹೇಳುವ ಅಗತ್ಯ ಯಾರಿಗೂ ಇಲ್ಲ. ಅವರು ತಮ್ಮ ಕಸುಬು ಬಲ್ಲ ನಿರ್ದೇಶಕ. ಆದರೆ ನಿರ್ಮಾಣವೆಂದರೆ ಶೀರ್ಷಿಕೆಯಲ್ಲಿ ಮುದ್ರಿತವಾದ ಹೆಸರಷ್ಟೇ ಅಲ್ಲ. ಸಂಸ್ಥೆಯ ಬಹುದೊಡ್ಡ ಆಸ್ತಿ ಭಾನುಮತಿಯವರ ಮುಖ ಮತ್ತು ಧ್ವನಿ. ಅದೇ ವರ್ಷಗಳಲ್ಲಿ ಅವರು ಹೊರಗಿನ ಸಂಸ್ಥೆಗಳಲ್ಲಿಯೂ ಬಿಡುವಿಲ್ಲದೆ ನಟಿಸುತ್ತಿದ್ದರು: ಕೃಷ್ಣದೇವರಾಯನ ವಿಜಯನಗರವನ್ನು ಹಿನ್ನೆಲೆಯಾಗುಳ್ಳ ಬಿ.ಎನ್. ರೆಡ್ಡಿಯವರ ‘ಮಲ್ಲೀಶ್ವರಿ’ (1951), ಎಂ.ಜಿ. ರಾಮಚಂದ್ರನ್ ಜೊತೆಗಿನ ‘ಮಲೈಕ್ಕಳ್ಳನ್’ (1954), ‘ಮದುರೈ ವೀರನ್’ (1956), ‘ನಾಡೋಡಿ ಮನ್ನನ್’ (1958). ಹೊರಗೆ ಬೆಳೆದ ತಾರಾಮೌಲ್ಯ ಒಳಗೆ ಬಂಡವಾಳವಾಯಿತು. ಸ್ವತಂತ್ರ ನಿರ್ಮಾಪಕಿಯ ಸ್ವಾತಂತ್ರ್ಯ ಈ ಅರ್ಥದಲ್ಲಿ ಪೂರ್ಣ ಸ್ವಾತಂತ್ರ್ಯವಲ್ಲ. ಮಾರುಕಟ್ಟೆಯೊಡನೆ ನಿತ್ಯವೂ ನಡೆಯುವ ಚೌಕಾಸಿ.

ಧ್ವನಿಯ ಮಾತು ಬಂದಿತು. ಐವತ್ತರ ದಶಕದ ಹೊತ್ತಿಗೆ ಹಿನ್ನೆಲೆ ಗಾಯನ ನೆಲೆಯೂರಿ ನಟಿಯ ದೇಹ ಒಬ್ಬರದು, ಹಾಡುವ ಕಂಠ ಇನ್ನೊಬ್ಬರದು ಎಂಬುದು ಸಹಜ ವ್ಯವಸ್ಥೆಯಾಯಿತು. ಭಾನುಮತಿಯವರು ತಮ್ಮ ಪಾತ್ರಗಳಿಗೆ ತಾವೇ ಹಾಡುವುದನ್ನು ಬಿಡಲಿಲ್ಲ. ಇದನ್ನು ಅಹಂಕಾರವೆಂದು ಕರೆದವರೂ ಉಂಟು. ಸಂಗೀತ ಬಲ್ಲ ನಟಿಯೊಬ್ಬರು ತಮ್ಮ ಪಾತ್ರದ ಅರ್ಧಭಾಗವನ್ನು ಪರರಿಗೆ ಒಪ್ಪಿಸಲು ನಿರಾಕರಿಸಿದರು ಎಂದು ಓದುವುದು ಹೆಚ್ಚು ಸಮಂಜಸ. ‘ಲೈಲಾ ಮಜ್ನು’ವಿನಲ್ಲಿ ಸಿ.ಆರ್. ಸುಬ್ಬರಾಮನ್ ಅವರ ಸಂಗೀತ ಈ ಕಂಠವನ್ನೇ ನೆಚ್ಚಿ ನಿಂತಿದೆ. ಅದೇ ಸುಮಾರಿಗೆ ಎಫ್. ನಾಗೂರ್ ನಿರ್ದೇಶನದಲ್ಲಿ ಇನ್ನೊಂದು ‘ಲೈಲಾ ಮಜ್ನು’ ತಮಿಳಿನಲ್ಲಿ ಬಂತು. ಅದರ ಲೈಲಾ ಎಂ.ವಿ. ರಾಜಮ್ಮ. ಚಿತ್ರ ನಿರ್ಮಿಸಿದ ಇಬ್ಬರು ನಟಿಯರು ಒಂದೇ ಪಾತ್ರದಲ್ಲಿ ಎದುರುಬದುರಾದರು. ಒಬ್ಬರು ಸ್ವಂತ ಸಂಸ್ಥೆಯ ಲೈಲಾ, ಇನ್ನೊಬ್ಬರು ಅನ್ಯರ ಸಂಸ್ಥೆಯ ಲೈಲಾ. ಮದರಾಸನ್ನೇ ನೆಲೆಯಾಗಿಸಿಕೊಂಡಿದ್ದ ಕನ್ನಡ, ತಮಿಳು, ತೆಲುಗು ಚಿತ್ರರಂಗಗಳ ಇತಿಹಾಸಗಳನ್ನು ಬೇರೆ ಬೇರೆಯಾಗಿ ಬರೆದಾಗ ಇಂಥ ಸಂಗತಿಗಳು ಯಾರ ಲೆಕ್ಕಕ್ಕೂ ಸೇರದೆ ಹೋಗುತ್ತವೆ.

ಭರಣಿಯ ಚಿತ್ರಗಳಲ್ಲಿ ‘ವಿಪ್ರನಾರಾಯಣ’ ವಿಶೇಷ ಪರಿಶೀಲನೆಗೆ ಅರ್ಹವಾದದ್ದು. ಶ್ರೀರಂಗದ ತೊಂಡರಡಿಪ್ಪೊಡಿ ಆಳ್ವಾರರ ಕಥೆ ಕನ್ನಡದ ಶ್ರೀವೈಷ್ಣವ ಪರಂಪರೆಗೂ ಸುಪರಿಚಿತ. ರಂಗನಾಥನಿಗೆ ಹೂಮಾಲೆ ಕಟ್ಟುತ್ತ ಲೋಕದ ಗೊಡವೆಯಿಲ್ಲದೆ ಬದುಕಿದ್ದ ವಿಪ್ರನಾರಾಯಣನನ್ನು ಗೆಲ್ಲುವೆನೆಂದು ಗಣಿಕೆ ದೇವದೇವಿ ಪಂತ ಕಟ್ಟುತ್ತಾಳೆ, ಸೇವೆಯ ನೆಪದಲ್ಲಿ ಆಶ್ರಮ ಸೇರುತ್ತಾಳೆ, ಅವನು ಸೋಲುತ್ತಾನೆ, ಕೈಬರಿದಾದ ಮೇಲೆ ಅವಳ ತಾಯಿ ಅವನನ್ನು ಹೊರದೂಡುತ್ತಾಳೆ, ರಂಗನಾಥನೇ ಚಿನ್ನದ ಪಾತ್ರೆಯನ್ನು ಅವಳ ಮನೆಗೆ ತಲುಪಿಸುತ್ತಾನೆ, ಕಳವಿನ ಆರೋಪ ಭಕ್ತನ ತಲೆಗೆ ಬರುತ್ತದೆ. ಪಾರಂಪರಿಕ ಕಥನದಲ್ಲಿ ದೇವದೇವಿ ಭಕ್ತನ ಪರೀಕ್ಷೆಗೆ ಒಂದು ನಿಮಿತ್ತ ಮಾತ್ರ. ಚಿತ್ರದಲ್ಲಿ ಕಥೆಯ ಚಲನೆ ಅವಳ ಕೈಯಲ್ಲಿದೆ. ತನ್ನ ಕಡೆಗೆ ಕಣ್ಣೆತ್ತಿಯೂ ನೋಡದೆ ಹೋದವನ ಮೇಲೆ ಅವಳಿಗೆ ಬರುವ ಸಿಟ್ಟು ಅಪಮಾನಿತಳಾದ ಕಲಾವಿದೆಯ ಸಿಟ್ಟು. ಅಕ್ಕಿನೇನಿ ನಾಗೇಶ್ವರರಾವ್ ಅವರ ವಿಪ್ರನಾರಾಯಣ ಸೌಮ್ಯನಾಗಿ ಹಿಂದೆ ಸರಿದಷ್ಟೂ ದೇವದೇವಿಯ ಒಳಗಿನ ಬದಲಾವಣೆ ಮುಂದೆ ಬರುತ್ತದೆ. ಗೆಲ್ಲಲು ಬಂದವಳು ತಾನೇ ಸೋಲುವ ಘಟ್ಟವನ್ನು ಎಸ್. ರಾಜೇಶ್ವರರಾವ್ ಅವರ ಸಂಗೀತ ಸಂಭಾಷಣೆಗಿಂತ ಸೂಕ್ಷ್ಮವಾಗಿ ಹಿಡಿದಿದೆ. ‘ಸ್ವರ್ಗಸೀಮ’ದ ಸುಜಾತಳಿಗೆ ದೊರೆಯದಿದ್ದ ಅಂತರಂಗ ಇಲ್ಲಿ ದೇವದೇವಿಗೆ ದೊರೆತಿದೆ.

ಇದನ್ನು ಸ್ತ್ರೀವಾದಿ ಪುನರ್ರಚನೆ ಎಂದು ಕರೆಯುವುದು ಅತಿಶಯೋಕ್ತಿ. ಕೊನೆಗೆ ದೇವದೇವಿಗೂ ರಂಗನಾಥನ ಪಾದವೇ ಗತಿ. ಗಣಿಕೆಯ ವೃತ್ತಿ ಕಳಂಕವೆಂಬ ನಿಲುವನ್ನು ಚಿತ್ರ ಪ್ರಶ್ನಿಸುವುದಿಲ್ಲ. ದೇವದಾಸಿ ಪದ್ಧತಿಯ ನಿಷೇಧಕ್ಕಾಗಿ ಮದರಾಸು ಪ್ರಾಂತ್ಯ 1947ರಲ್ಲಿ ಕಾನೂನು ತಂದಿತ್ತು. ಆ ಕಾನೂನಿನ ನೆರಳಿನಲ್ಲಿ ತಯಾರಾದ ಚಿತ್ರವೊಂದು ಗಣಿಕೆಯನ್ನು ಭಕ್ತೆಯನ್ನಾಗಿ ಮಾಡಿಯೇ ಸಭ್ಯ ಪ್ರೇಕ್ಷಕರ ಮುಂದೆ ನಿಲ್ಲಿಸಬೇಕಾಗಿತ್ತು. ಚೌಕಟ್ಟು ಅದೇ, ಅದರೊಳಗೆ ಹೆಣ್ಣಿಗೆ ಸಿಕ್ಕ ಜಾಗ ಹೆಚ್ಚು: ಇಷ್ಟನ್ನು ಮಾತ್ರ ಖಚಿತವಾಗಿ ಹೇಳಬಹುದು.

ಎರಡು ವರ್ಷಗಳ ಬಳಿಕ ಬಂದ ‘ಚಿಂತಾಮಣಿ’ ಇದೇ ವಸ್ತುವಿನ ಇನ್ನೊಂದು ರೂಪ. ಲೀಲಾಶುಕನೆಂದು ಖ್ಯಾತನಾದ ಬಿಲ್ವಮಂಗಳನನ್ನು ಮೋಹದಿಂದ ಎಚ್ಚರಿಸುವ ಗಣಿಕೆಯ ಕಥೆಗೆ ಆಧಾರ ಮತ್ತೆ ಕಾಳ್ಳಕೂರಿ ನಾರಾಯಣರಾವ್ ಅವರ ನಾಟಕ. ‘ವರವಿಕ್ರಯಂ’ನ ಕಾಳಿಂದಿಯಾಗಿ ಬೆಳ್ಳಿತೆರೆಗೆ ಬಂದ ಬಾಲೆ ಹದಿನೇಳು ವರ್ಷಗಳ ನಂತರ ಅದೇ ನಾಟಕಕಾರನ ಚಿಂತಾಮಣಿಯನ್ನು ತನ್ನ ಸಂಸ್ಥೆಗೆ ಆಯ್ದುಕೊಂಡದ್ದು ಆಕಸ್ಮಿಕವಿರಲಾರದು. ಒಂದು ನಾಟಕದಲ್ಲಿ ವರನಿಗೆ ಬೆಲೆ, ಇನ್ನೊಂದರಲ್ಲಿ ಹೆಣ್ಣಿಗೆ ಬೆಲೆ. ಎರಡರಲ್ಲಿಯೂ ಸಂಬಂಧಗಳು ಸಂತೆಯ ಸರಕು. ಚಿತ್ರ ಮಾತ್ರ ‘ವಿಪ್ರನಾರಾಯಣ’ದ ಮಟ್ಟಕ್ಕೆ ಏರಲಿಲ್ಲ. ನಾಟಕದ ಜನಪ್ರಿಯತೆಗೆ ಕಾರಣವಾದ ಸುಬ್ಬಿಶೆಟ್ಟಿಯ ಹಾಸ್ಯ ಕಥೆಯ ಬಿಗಿಯನ್ನು ಸಡಿಲಿಸುತ್ತದೆ. ಚಿಂತಾಮಣಿಯ ಪರಿವರ್ತನೆ ದೇವದೇವಿಯದರಷ್ಟು ಒಳಗಿನಿಂದ ಮೂಡಿಬರುವುದಿಲ್ಲ. ಆ ಹಾಸ್ಯದ ಪಾತ್ರವು ಒಂದು ಸಮುದಾಯವನ್ನು ಅವಹೇಳನ ಮಾಡುತ್ತದೆಂಬ ಆಕ್ಷೇಪದ ಕಾರಣ ಆಂಧ್ರಪ್ರದೇಶ ಸರ್ಕಾರ 2022ರಲ್ಲಿ ನಾಟಕದ ಪ್ರದರ್ಶನವನ್ನು ನಿಷೇಧಿಸಿತು. ಗಣಿಕೆಯ ಹೆಸರನ್ನು ಹೊತ್ತ ನಾಟಕವೊಂದು ಶತಮಾನದ ಬಳಿಕ ಗಿರಾಕಿಯ ಪಾತ್ರದ ಕಾರಣಕ್ಕೆ ವಿವಾದವಾದದ್ದು ಯೋಚನೆಗೆ ಹಚ್ಚುವಂಥದು.

‘ಚಂಡೀರಾಣಿ’ಯ ಮಹತ್ವ ಬೇರೆ ಬಗೆಯದು. ಭಾನುಮತಿಯವರು ನಿರ್ದೇಶಿಸಿದ ಮೊದಲ ಚಿತ್ರವಿದು. ತೆಲುಗು, ತಮಿಳು, ಹಿಂದಿ ಮೂರು ಭಾಷೆಗಳಲ್ಲಿ ತಯಾರಾಗಿ 1953ರಲ್ಲಿ ತೆರೆಕಂಡಿತು. ಅವಳಿ ಸೋದರಿಯರ ಎರಡೂ ಪಾತ್ರಗಳು ಅವರವೇ. ಸಂಗೀತ ನಿರ್ದೇಶಕ ಸುಬ್ಬರಾಮನ್ 1952ರಲ್ಲಿ ಅಕಾಲ ಮರಣಕ್ಕೆ ತುತ್ತಾದಾಗ ಉಳಿದ ಕೆಲಸವನ್ನು ಎಂ.ಎಸ್. ವಿಶ್ವನಾಥನ್ ಪೂರೈಸಿದರು. ಕಲಾಕೃತಿಯಾಗಿ ಚಿತ್ರ ಸಾಮಾನ್ಯವಾದದ್ದು: ಬೇರ್ಪಟ್ಟ ಅವಳಿಗಳು, ಸೌಮ್ಯಳೊಬ್ಬಳು ಕತ್ತಿ ಹಿಡಿದವಳೊಬ್ಬಳು, ಅರಮನೆಯ ಒಳಸಂಚು. ಆ ಕಾಲದ ಸಾಹಸ ಚಿತ್ರಗಳ ಸಿದ್ಧ ಸಾಮಗ್ರಿಯೇ ಇಲ್ಲಿಯೂ ಇದೆ. ಆದರೆ ಸಾಹಸವನ್ನು ನಾಯಕನಿಂದ ಕಿತ್ತು ನಾಯಕಿಗೆ ಕೊಟ್ಟದ್ದು, ಮೂರು ಭಾಷೆಗಳ ಚಿತ್ರೀಕರಣವನ್ನು ನಟಿಯೊಬ್ಬರೇ ಕ್ಯಾಮೆರಾದ ಎರಡೂ ಬದಿಯಲ್ಲಿ ನಿಂತು ನಡೆಸಿದ್ದು ನಿರ್ಮಾಣದ ಇತಿಹಾಸದಲ್ಲಿ ಸಣ್ಣ ಸಂಗತಿಯಲ್ಲ. ಕಲ್ಪನೆಗಿಂತ ಕಾರ್ಯಶಕ್ತಿಗಾಗಿ ನೆನಪಿನಲ್ಲಿ ಉಳಿಯುವ ಚಿತ್ರ ಇದು.

ಸ್ವಂತ ಸಂಸ್ಥೆ ಏಕೆ ಬೇಕಾಗಿತ್ತು ಎಂಬುದಕ್ಕೆ ‘ಮಿಸ್ಸಮ್ಮ’ದ ಪ್ರಸಂಗಕ್ಕಿಂತ ಸ್ಪಷ್ಟವಾದ ಉತ್ತರ ಬೇಕಾಗಿಲ್ಲ. ವಿಜಯಾ ಸಂಸ್ಥೆಯ ಈ ಚಿತ್ರಕ್ಕೆ ಮೊದಲು ಆಯ್ಕೆಯಾಗಿದ್ದ ನಾಯಕಿ ಭಾನುಮತಿ. ಚಿತ್ರೀಕರಣದ ಒಂದು ಭಾಗವೂ ಮುಗಿದಿತ್ತು. ಮನೆಯಲ್ಲಿ ವ್ರತವಿದ್ದುದರಿಂದ ತಡವಾಗಿ ಬಂದರೆಂದೂ, ನಿರ್ಮಾಪಕ ಚಕ್ರಪಾಣಿಯವರು ಕ್ಷಮಾಪಣೆಯ ಪತ್ರ ಕೇಳಿದರೆಂದೂ, ನಟಿ ಒಪ್ಪಲಿಲ್ಲವೆಂದೂ ಪ್ರತೀತಿ. ಪಾತ್ರ ಸಾವಿತ್ರಿಯವರ ಪಾಲಾಯಿತು. ಸಾವಿತ್ರಿಯವರಿಗೆ ಗೊತ್ತಾಗಿದ್ದ ಪಾತ್ರ ಜಮುನಾ ಅವರ ಪಾಲಾಯಿತು. 1955ರಲ್ಲಿ ಬಂದ ‘ಮಿಸ್ಸಮ್ಮ’ ಸಾವಿತ್ರಿಯವರ ಕೀರ್ತಿಗೆ ಬುನಾದಿ ಹಾಕಿತು. ಎಷ್ಟೇ ದೊಡ್ಡ ತಾರೆಯಾದರೂ ಅನ್ಯರ ಸಂಸ್ಥೆಯಲ್ಲಿ ನಟಿ ಬದಲಾಯಿಸಬಹುದಾದ ವಸ್ತು ಎಂಬುದನ್ನು ಈ ಪ್ರಸಂಗ ಬಯಲುಮಾಡಿತು.

ವಿಮರ್ಶಕರು ಅಷ್ಟಾಗಿ ಗಮನಿಸದ ಒಂದು ಸಾಮ್ಯ ಇಲ್ಲಿದೆ. ‘ಮಿಸ್ಸಮ್ಮ’ದ ಕಥೆಯಲ್ಲಿ ನೌಕರಿಗಾಗಿ ಇಬ್ಬರು ಗಂಡಹೆಂಡಿರಂತೆ ನಟಿಸುತ್ತಾರೆ. ಅದಕ್ಕೆ ತುಸು ಮುಂಚೆ, 1954ರಲ್ಲಿ, ಭರಣಿ ಹೊರತಂದ ಹಾಸ್ಯಚಿತ್ರದಲ್ಲಿಯೂ ಸುಳ್ಳು ಸಂಸಾರವೇ ವಸ್ತು. ಮರಿಮಗುವಿಗೆ ಆಸ್ತಿ ಕೊಡುವೆನೆನ್ನುವ ಜಿಪುಣ ಅಜ್ಜನನ್ನು ನಂಬಿಸಲು ಮೊಮ್ಮಗಳು ಮಾಲತಿ ಎರವಲು ಮಗುವನ್ನೂ ಎರವಲು ಗಂಡನನ್ನೂ ಹೊಂದಿಸಿಕೊಳ್ಳುತ್ತಾಳೆ. ಅಜ್ಜನಾಗಿ ಸಿ.ಎಸ್.ಆರ್. ಆಂಜನೇಯುಲು, ಮಾಲತಿಯಾಗಿ ಭಾನುಮತಿ. ಸಂಗೀತ ನಿರ್ದೇಶನವೂ ಅವರದೇ. ಚಿತ್ರದ ಹೆಸರು, ಅಜ್ಜನ ಹೆಸರು ‘ಚಕ್ರಪಾಣಿ’! ಹೆಸರಿನ ಈ ಕಾಕತಾಳೀಯವನ್ನು ಬದಿಗಿಟ್ಟರೂ ಎರಡು ಚಿತ್ರಗಳ ಹೋಲಿಕೆ ಫಲಪ್ರದ. ‘ಮಿಸ್ಸಮ್ಮ’ದಲ್ಲಿ ನಟನೆ ಬರಬರುತ್ತ ನಿಜವಾಗಿ, ಸಿಡುಕಿನ ಹೆಣ್ಣು ಪಳಗುತ್ತಾಳೆ. ‘ಚಕ್ರಪಾಣಿ’ಯಲ್ಲಿ ನಾಟಕ ಹೂಡುವವಳೂ ಪಾತ್ರ ಹಂಚುವವಳೂ ಮಾಲತಿ, ಗಂಡನ ವೇಷದವನು ಅವಳ ಸೂಚನೆಯಂತೆ ಕುಣಿಯುತ್ತಾನೆ. ಮೊದಲನೆಯದು ಹೆಚ್ಚು ಹದವಾದ ಚಿತ್ರವೆಂಬುದರಲ್ಲಿ ಅನುಮಾನವಿಲ್ಲ. ಎರಡನೆಯದರಲ್ಲಿ ನಗೆಯ ಸೂತ್ರ ಯಾರ ಕೈಯಲ್ಲಿದೆ ಎಂಬುದು ಬೇರೆ. ಮುಂದೆ ‘ಅತ್ತಗಾರಿ ಕಥಲು’ ಬರೆದು ತೆಲುಗು ಹಾಸ್ಯ ಸಾಹಿತ್ಯದಲ್ಲಿ ಸ್ಥಾನ ಪಡೆದ ಲೇಖಕಿಯ ದನಿ, ಮನೆಯ ಹಿರಿಯರ ಗತ್ತನ್ನು ಒಳಗಿನಿಂದಲೇ ಕಂಡು ನಗುವ ದನಿ, ಮಾಲತಿಯ ಮಾತುಗಳಲ್ಲಿ ಆಗಲೇ ಕೇಳಿಸುತ್ತದೆ.

ತಾರೆಯ ಸಂಸ್ಥೆ ಎಂದೊಡನೆ ತಾರೆಯ ಮೆರವಣಿಗೆಯೇ ನಡೆಯುತ್ತದೆಂದು ಭಾವಿಸುವವರಿಗೆ ‘ಬಾಟಸಾರಿ’ ಅಚ್ಚರಿ ತರುತ್ತದೆ. ಶರಚ್ಚಂದ್ರ ಚಟ್ಟೋಪಾಧ್ಯಾಯರ ‘ಬಡದಿದಿ’ ಇದರ ಮೂಲ. ತಮಿಳಿನಲ್ಲಿ ‘ಕಾನಲ್ ನೀರ್’ ಎಂಬ ಹೆಸರಿನಲ್ಲಿ ಬಂತು. ಕಾನನ್ ದೇವಿಯವರ ಶ್ರೀಮತಿ ಪಿಕ್ಚರ್ಸ್ ಕೂಡ ‘ಮೇಜದಿದಿ’ (1950) ಮೊದಲಾಗಿ ಶರಚ್ಚಂದ್ರರ ಕಥೆಗಳನ್ನೇ ಬಹುವಾಗಿ ನೆಚ್ಚಿತ್ತು. ಮನೆಯೊಳಗಿನ ಹೆಣ್ಣಿನ ಮೌನಕ್ಕೆ ಅಷ್ಟು ಬೆಲೆ ಕೊಟ್ಟ ಬೇರೊಬ್ಬ ಲೇಖಕ ಈ ನಿರ್ಮಾಪಕಿಯರಿಗೆ ಸಿಗುವುದು ಕಷ್ಟವಿತ್ತು. ‘ಬಾಟಸಾರಿ’ಯಲ್ಲಿ ಭಾನುಮತಿಯವರದು ತೌರುಮನೆಯಲ್ಲಿರುವ ವಿಧವೆ ಮಾಧವಿಯ ಪಾತ್ರ. ಮನೆಪಾಠ ಹೇಳಲು ಬಂದ ಮರೆಗುಳಿ ತರುಣನ ಬೇಕುಬೇಡಗಳನ್ನು ಅವಳು ಮರೆಯಲ್ಲಿದ್ದುಕೊಂಡೇ ನೋಡಿಕೊಳ್ಳುತ್ತಾಳೆ. ಇಬ್ಬರೂ ಎದುರುಬದುರಾಗುವ ಸಂದರ್ಭಗಳೇ ವಿರಳ. ನಾಗೇಶ್ವರರಾವ್ ಮತ್ತು ಭಾನುಮತಿ ಜೋಡಿಯನ್ನು ನೋಡಲು ಬಂದ ಪ್ರೇಕ್ಷಕರಿಗೆ ಆ ಜೋಡಿ ಒಂದೇ ಚೌಕಟ್ಟಿನಲ್ಲಿ ಕಾಣಸಿಗುವುದೇ ಅಪರೂಪ. ಚಿತ್ರ ಹಣ ಗಳಿಸಲಿಲ್ಲ.

ಈ ವೈಫಲ್ಯವನ್ನು ಲೆಕ್ಕದ ಪುಸ್ತಕಕ್ಕೆ ಬಿಟ್ಟು ಚಿತ್ರವನ್ನು ನೋಡಿದರೆ ಭರಣಿಯ ಪಯಣ ಸುಜಾತಳಿಂದ ಎಷ್ಟು ದೂರ ಬಂದಿತ್ತೆಂಬುದು ತಿಳಿಯುತ್ತದೆ. ದೇವದೇವಿ, ಚಿಂತಾಮಣಿಯರದು ನೋಡುವವರ ಕಣ್ಣಿಗಾಗಿ ಸಿಂಗರಿಸಿಕೊಂಡು ನಿಲ್ಲುವ ಬದುಕು. ಮಾಧವಿ ಯಾರ ಕಣ್ಣಿಗೂ ಬೀಳದಿರಲು ಕಟ್ಟುಪಾಡಿಗೆ ಒಳಗಾದವಳು. ಅವಳ ಒಲವು ಗೊತ್ತಾಗುವುದು ಊಟದ ವೇಳೆಗೆ ಸರಿಯಾಗಿ ಬಂದ ತಟ್ಟೆಯಿಂದ, ಕಳೆದುಹೋದ ಕನ್ನಡಕದ ಜಾಗಕ್ಕೆ ತಾನಾಗಿ ಬಂದು ಕೂರುವ ಇನ್ನೊಂದು ಕನ್ನಡಕದಿಂದ. ಅಬ್ಬರದ ಸಂಭಾಷಣೆಗೂ ಗತ್ತಿನ ನಡೆಗೂ ಹೆಸರಾದ ನಟಿ ಇಲ್ಲಿ ಹೆಚ್ಚಿನ ಪಾಲು ಬಾಗಿಲ ಹಿಂದೆ, ಮೆಟ್ಟಿಲ ತಿರುವಿನಲ್ಲಿ ನಿಲ್ಲುತ್ತಾರೆ. ಬೇರೆ ಯಾವ ನಿರ್ಮಾಪಕರೂ ಭಾನುಮತಿಯವರಿಗೆ ಹಣ ಕೊಟ್ಟು ಇಂಥ ಪಾತ್ರವನ್ನು ಮಾಡಿಸುವ ಸಾಹಸಕ್ಕೆ ಕೈಹಾಕುತ್ತಿರಲಿಲ್ಲ.